ಅರ್ಜಿ ನಿನ್ನಮ್ಮನದಾಗಿರಲಿ

ಪ್ರೀತಿಯ ಪುಟ್ಟಿಗೆ ದೊಡ್ಡಮಾವನ ಆಶೀರ್ವಾದ.

ನಿನ್ನಣ್ಣ ಅಪ್ಪನ ಮೇಲೆ ಕೈಮಾಡಿದ ವಿಷಯ ನನಗೆ ತಿಳಿದದ್ದು ನಿನ್ನ ಮೆಸೇಜಿನಿಂದಲೇ. ಮೊನ್ನೆ ಫೋನಿನಲ್ಲಿ ಅರ್ಧ ಗಂಟೆ ಮಾತಾಡಿದ ನಿನ್ನಮ್ಮ ಇದರ ಸುಳಿವನ್ನೇ ಕೊಡಲಿಲ್ಲ. ಹೈಕೋರ್ಟಿಗೆ ಹೋಗಿ ಪೊಲೀಸ್ ರಕ್ಷಣೆ ತರುತ್ತೇನೆ ಎಂದಿದ್ದೀಯ. ತರಬಹುದು. ಆದರೆ ಆದೇಶ ಬಂದ ಮಾತ್ರಕ್ಕೆ ಹಗಲೂ ರಾತ್ರಿ ಬಾಗಿಲಲ್ಲಿ ಪೇದೆ ನಿಲ್ಲುತ್ತಾನೆಂದು ತಿಳಿಯಬೇಡ. ಹೆಚ್ಚಿನ ಪಾಲು, ದೂರು ಬಂದರೆ ಕ್ರಮ ಕೈಗೊಳ್ಳಿ ಎಂದು ಠಾಣೆಗೆ ನಿರ್ದೇಶನ ಹೋಗುತ್ತದೆ, ಬೀಟ್‌ನವರು ಬಂದು ವಿಚಾರಿಸಿಕೊಂಡು ಹೋಗುತ್ತಾರೆ. ಅಷ್ಟಾದರೂ ದೊಡ್ಡದೇ ಅನ್ನು, ಬೀದಿಯವರ ಕಣ್ಣೆದುರು ಪೊಲೀಸರು ಬಂದರೆ ನಿನ್ನಣ್ಣನ ಧ್ವನಿ ತಗ್ಗೀತು.

ನ್ಯಾಯಾಲಯ ಮೊದಲು ಕೇಳುವುದು ಠಾಣೆಗೆ ದೂರು ಕೊಟ್ಟಿದ್ದೀರಾ ಅಂತ. ಆದ್ದರಿಂದ ನಾಳೆಯೇ ಅಪ್ಪನ ಕೈಯಲ್ಲಿ ದೂರು ಬರೆಸು. ಹೊಡೆದ ದಿನ, ಹೊತ್ತು, ನೋಡಿದವರು, ಆಸ್ಪತ್ರೆಯ ಚೀಟಿ, ಇಷ್ಟೇ ಸಾಕು. ಮನೆ, ಪಾಲು, ಖಾತೆ ಎಂಬ ಪದ ಒಂದೂ ಬೇಡ. ಆ ಪದ ಕಂಡೊಡನೆ ‘ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗಿ’ ಎಂದು ಎನ್‌ಸಿಆರ್ (ಎಫ್‌ಐಆರ್ ಅಲ್ಲದ ಬರೀ ನಮೂದು) ಮಾಡಿ, ಒಂದು ಮುಚ್ಚಳಿಕೆ ಬರೆಸಿಕೊಂಡು ಕಳಿಸಿಬಿಡುತ್ತಾರೆ. ಸ್ವೀಕೃತಿ ತೆಗೆದುಕೊಳ್ಳದೆ ಠಾಣೆಯಿಂದ ಹೊರಬರಬೇಡ. ಕ್ರಮವಿಲ್ಲ ಎಂದರೆ ಹಿಂಬರಹ ಕೇಳು, ಮುಂದೆ ಅದೇ ನಿನ್ನ ದಾಖಲೆ. ರಾತ್ರಿ ಮತ್ತೆ ಗಲಾಟೆಯಾದರೆ 112, ಸಲಹೆ ಬೇಕಾದರೆ ಹಿರಿಯರ ಸಹಾಯವಾಣಿ 14567.

ಇನ್ನೊಂದು ಬಾಗಿಲು ಎಸಿ ಸಾಹೇಬರದು. 2007ರ ಪೋಷಕರ ಕಾಯ್ದೆಯಡಿ ಉಪವಿಭಾಗಾಧಿಕಾರಿಯಾದ ಅವರೇ ನ್ಯಾಯಮಂಡಳಿ. ಅಲ್ಲಿನ ಆದೇಶ ಒಪ್ಪಿಗೆಯಾಗದಿದ್ದರೆ ಅರವತ್ತು ದಿನದೊಳಗೆ ಡಿಸಿಯವರಿಗೆ ಮೇಲ್ಮನವಿ. ಅಪ್ಪ ಮನೆಯನ್ನು ಅಣ್ಣನಿಗೆ ದಾನಪತ್ರ ಮಾಡಿಕೊಟ್ಟಿದ್ದಾನಲ್ಲ, ಅದರ ನಕಲು ತೆಗೆಸಿ ಸಾಲು ಸಾಲಾಗಿ ಓದು. ‘ನಮ್ಮನ್ನು ನೋಡಿಕೊಳ್ಳತಕ್ಕದ್ದು’ ಎಂಬ ಷರತ್ತಿದ್ದರೆ 23ನೇ ಕಲಮಿನಡಿ ಅದನ್ನು ರದ್ದು ಮಾಡಿಸಬಹುದು. ಷರತ್ತು ಇರಲೇಬೇಕೆಂದು ಸುಪ್ರೀಂ ಕೋರ್ಟು 2022ರಲ್ಲಿ ಹೇಳಿತು. 2025ರ ಜನವರಿಯಲ್ಲಿ ಅದೇ ಕೋರ್ಟು ಈ ಕಾಯ್ದೆಯನ್ನು ಹಿರಿಯರಿಗೆ ಅನುಕೂಲವಾಗುವಂತೆ ಉದಾರವಾಗಿ ಓದಬೇಕು, ಮಂಡಳಿ ಮನೆ ಖಾಲಿ ಮಾಡಿಸಲೂಬಹುದು ಎಂದಿತು. ದಾನಪತ್ರ ಬರೆದವನು ಆ ಷರತ್ತಿನ ಸಾಲು ಹಾಕಿದ್ದಾನೋ ಇಲ್ಲವೋ, ಎಲ್ಲ ಅದರ ಮೇಲೆ ನಿಂತಿದೆ.

ಅತ್ತಿಗೆಯನ್ನೂ ಆಚೆ ಹಾಕಿಸುತ್ತೇನೆ ಎಂದು ಬರೆದಿದ್ದೀಯಲ್ಲ, ಅದು ಬೇಡ. ಬೆಂಗಳೂರಿನದೇ ಒಂದು ಪ್ರಕರಣದಲ್ಲಿ, 2020ರ ಡಿಸೆಂಬರಿನಲ್ಲಿ, ಈ ಕಾಯ್ದೆಯ ಹೆಸರಿನಲ್ಲಿ ಸೊಸೆಯ ವಾಸದ ಹಕ್ಕನ್ನು ಸುಮ್ಮನೆ ಅಳಿಸಲಾಗದು ಎಂದು ಸುಪ್ರೀಂ ಕೋರ್ಟು ಹೇಳಿದೆ. ಕಾನೂನು ಹಾಗಿರಲಿ, ಅಪ್ಪನನ್ನು ಅವತ್ತು ಆಸ್ಪತ್ರೆಗೆ ಕರೆದೊಯ್ದವಳು ಅವಳೇ ಎಂದು ನೀನೇ ಬರೆದಿದ್ದೀಯ. ನಾಳೆ ಸಾಕ್ಷಿ ಹೇಳಬೇಕಾದವಳೂ ಅವಳೇ.

ಈಗ ನಿನಗೆ ಕಹಿಯಾಗುವ ಮಾತು. ನಿನ್ನ ಮೆಸೇಜಿನಲ್ಲಿ ಅಪ್ಪನ ಗಾಯಕ್ಕಿಂತ ಮನೆಯ ಬೆಲೆ ಹೆಚ್ಚು ಸಲ ಬಂದಿದೆ. ತಂದೆತಾಯಿಯನ್ನು ಮುಂದೆ ನಿಲ್ಲಿಸಿ ಮಕ್ಕಳು ಪಾಲಿಗೆ ಕಾದಾಡುವುದನ್ನು ಜಡ್ಜುಗಳು ದಿನಾ ನೋಡುತ್ತಾರೆ, ವಾಸನೆ ಹಿಡಿಯಲು ಅವರಿಗೆ ಹೊತ್ತು ಬೇಡ. ನಿನ್ನ ಪಾಲಿನ ದಾವೆ ಬೇಕಿದ್ದರೆ ಬೇರೆ ಹೂಡು, ಬೇರೆ ವಕೀಲರನ್ನು ಹಿಡಿ. ಇದು ಅಪ್ಪ ಅಮ್ಮ ಇಬ್ಬರ ಅರ್ಜಿ. ಕೈಲಾಗದಿದ್ದರೆ ತಾವು ಒಪ್ಪಿದವರ ಮೂಲಕ ಅವರೇ ಕೊಡಬಹುದು.

ನಿನ್ನಮ್ಮ ನನ್ನ ತಂಗಿ, ಅವಳನ್ನು ಬಲ್ಲೆ. ಮಗ ಜೈಲಿಗೆ ಹೋಗುವುದು ಅವಳಿಗೆ ಬೇಡ. ಆದರೆ ರಾತ್ರಿ ಚಿಲಕ ಹಾಕಿಕೊಂಡು ಮಲಗುವುದೂ ಬೇಡ. ಇದರಲ್ಲಿ ಎಷ್ಟಕ್ಕೆ ಅವಳು ಸಹಿ ಹಾಕುತ್ತಾಳೆ ಎಂದು ನೀನಿಲ್ಲದಾಗ ನಾನೇ ಕೇಳುತ್ತೇನೆ. ಭಾನುವಾರ ಬೆಳಗಿನ ಬಸ್ಸಿಗೆ ಬರುತ್ತೇನೆ. ದಾನಪತ್ರದ ನಕಲು, ಆಸ್ಪತ್ರೆಯ ಚೀಟಿ ಎರಡನ್ನೂ ತೆಗೆದಿಡು. ಅಲ್ಲಿಯವರೆಗೆ ವಕೀಲರಿಗೆ ಮುಂಗಡ ಕೊಡಬೇಡ.

ನಿನ್ನ,
ದೊಡ್ಡಮಾವ