ಓದು ಬಾರದವರಿಗೂ ಸಿಕ್ಕ ಕನ್ನಡ

1951ರ ಜನಗಣತಿಯ ಹೊತ್ತಿಗೆ ನಮ್ಮ ದೇಶದಲ್ಲಿ ಓದು ಬರಹ ಬಲ್ಲವರು ನೂರಕ್ಕೆ ಸುಮಾರು 18 ಮಂದಿ. ಉಳಿದ 82 ಮಂದಿಗೆ ಪತ್ರಿಕೆ, ಪುಸ್ತಕ, ಸರ್ಕಾರದ ಪ್ರಕಟಣೆ ಎಲ್ಲವೂ ಯಾರಾದರೂ ಓದಿ ಹೇಳಿದರೆ ಉಂಟು, ಇಲ್ಲದಿದ್ದರೆ ಇಲ್ಲ. ರೇಡಿಯೋ ಅಂದ ಕೂಡಲೇ ನಾವು ಹಳೇ ಹಾಡು, ಬೆಳಗಿನ ಕಾಫಿ, ತಾತನ ಟ್ರಾನ್ಸಿಸ್ಟರ್ ಅಂತ ಶುರುಮಾಡುತ್ತೇವೆ. ನನಗೆ ಮೊದಲು ನೆನಪಾಗುವುದು ಈ 82ರ ಲೆಕ್ಕ. ಅಕ್ಷರ ಗೊತ್ತಿಲ್ಲದವರ ಮನೆಗೂ ಸುದ್ದಿ, ಕವಿತೆ, ನಾಟಕ, ಬೀಜ ಗೊಬ್ಬರದ ವಿಚಾರ ಎಲ್ಲವನ್ನೂ ಅವರಿಗೆ ತಿಳಿಯುವ ಕನ್ನಡದಲ್ಲೇ ಮುಟ್ಟಿಸಿತಲ್ಲ, ಅದಕ್ಕಿಂತ ದೊಡ್ಡ ಕೆಲಸವನ್ನು ರೇಡಿಯೋ ಬೇರೆ ಮಾಡಿಲ್ಲ ಅಂತಲೇ ನನ್ನ ನಂಬಿಕೆ.

ಬೆಂಗಳೂರು ಆಕಾಶವಾಣಿಯ ಬೇರು ಇರುವುದು ಮೈಸೂರಿನಲ್ಲಿ, ಅದೂ ಒಬ್ಬ ಮೇಷ್ಟ್ರ ಮನೆಯಲ್ಲಿ. ಮಹಾರಾಜಾ ಕಾಲೇಜಿನಲ್ಲಿ ಮನಶ್ಶಾಸ್ತ್ರ ಹೇಳಿಕೊಡುತ್ತಿದ್ದ ಎಂ.ವಿ. ಗೋಪಾಲಸ್ವಾಮಿ 1935ರ ಸೆಪ್ಟೆಂಬರ್ 10ರಂದು ಒಂಟಿಕೊಪ್ಪಲಿನ ತಮ್ಮ ಮನೆ ‘ವಿಠ್ಠಲ ವಿಹಾರ’ದಿಂದಲೇ ಪ್ರಸಾರ ಆರಂಭಿಸಿದರು. ಪ್ರಸಾರ ಮಾಡುವ ಯಂತ್ರದ ಶಕ್ತಿ ಬರೀ 30 ವ್ಯಾಟ್. ಸರ್ಕಾರ ಮಾಡು ಅನ್ನಲಿಲ್ಲ, ಕಂಪನಿ ದುಡ್ಡು ಕೊಡಲಿಲ್ಲ. ಅವರಿಗೇ ಬೇಕು ಅನ್ನಿಸಿತು, ಮಾಡಿದರು. ಕುವೆಂಪು ಅಲ್ಲಿ ಕವಿತೆ ಓದಿದರು, ನಾ. ಕಸ್ತೂರಿ ಅಲ್ಲಿ ದುಡಿದರು. ಆ ಕೇಂದ್ರಕ್ಕೆ ಇಟ್ಟ ಹೆಸರೇ ‘ಆಕಾಶವಾಣಿ’. ಇಡೀ ದೇಶದ ಸರ್ಕಾರಿ ರೇಡಿಯೋ ಆದ ಆಲ್ ಇಂಡಿಯಾ ರೇಡಿಯೋ 1957ರಲ್ಲಿ ಅದೇ ಹೆಸರು ಇಟ್ಟುಕೊಂಡಿತು. ಅದಕ್ಕೂ ಮೊದಲೇ ಮೈಸೂರು ಸಂಸ್ಥಾನ ಗೋಪಾಲಸ್ವಾಮಿಯವರ ಕೇಂದ್ರವನ್ನು ವಹಿಸಿಕೊಂಡಿತು, ಸ್ವಾತಂತ್ರ್ಯ ಬಂದಮೇಲೆ ಅದು ಆಲ್ ಇಂಡಿಯಾ ರೇಡಿಯೋಗೆ ಸೇರಿತು, 1955ರ ನವೆಂಬರ್‌ನಲ್ಲಿ ಬೆಂಗಳೂರಿಗೆ ಬಂತು. ಮೈಸೂರಿನವರು ಮತ್ತೆ ತಮ್ಮದೇ ಕೇಂದ್ರಕ್ಕಾಗಿ 1974ರವರೆಗೆ ಕಾಯಬೇಕಾಯಿತು. ನಮ್ಮ ಕನ್ನಡ ಸಂಘದ ಮೈಸೂರು ಕಡೆಯ ಹಿರಿಯರು ಈ ಮಾತು ಎತ್ತಿದರೆ ಈಗಲೂ ಬೇಜಾರು ಮಾಡಿಕೊಳ್ಳುತ್ತಾರೆ, ಅವರ ಬೇಜಾರಿನಲ್ಲಿ ನ್ಯಾಯವಿದೆ.

ಆಗ ರೇಡಿಯೋ ಎಲ್ಲರ ಮನೆಯಲ್ಲಿ ಇರಲಿಲ್ಲ. ಸೆಟ್ ದುಬಾರಿ. ಕೊಂಡರೆ ಸಾಲದು, ಪೋಸ್ಟಾಫೀಸಿಗೆ ಹೋಗಿ ವರ್ಷ ವರ್ಷ ಲೈಸೆನ್ಸ್ ಶುಲ್ಕ ಕಟ್ಟಿ, ಒಂದು ಪುಟ್ಟ ಪುಸ್ತಕದಲ್ಲಿ ಸ್ಟಾಂಪು ಅಂಟಿಸಿಕೊಂಡು ಬರಬೇಕಿತ್ತು. ಈ ಪದ್ಧತಿ 1980ರ ದಶಕದವರೆಗೂ ಇತ್ತು. ವಾಲ್ವ್ ಸೆಟ್ಟಿನ ಗುಂಡಿ ತಿರುಗಿಸಿದರೆ ತಕ್ಷಣ ಸದ್ದು ಬರುತ್ತಿರಲಿಲ್ಲ. ಒಳಗಿನ ವಾಲ್ವ್, ಅಂದರೆ ಗಾಜಿನ ನಳಿಕೆ, ಬಿಸಿಯಾಗಬೇಕು, ಡಯಲ್ಲಿನ ಹಳದಿ ದೀಪ ಮೊದಲು ಹತ್ತಬೇಕು, ಆಮೇಲೆ ಸಣ್ಣಗೆ ಗುಂಯ್ ಅಂತ ಶುರುವಾಗಿ, ಮುಳ್ಳನ್ನು ಕೂದಲೆಳೆಯಷ್ಟು ಆಕಡೆ ಈಕಡೆ ಸರಿಸಿದರೆ ಗರಗರ ಕಳೆದು ದನಿ ಸ್ಪಷ್ಟವಾಗುವುದು. ಕೋಣೆಯ ಈ ಗೋಡೆಯಿಂದ ಆ ಗೋಡೆಗೆ ತಾಮ್ರದ ಜಾಲರಿಯ ಏರಿಯಲ್ ಕಟ್ಟಿರುತ್ತಿದ್ದರು. ಗುಬ್ಬಿ ಬಂದು ಅದರ ಮೇಲೆ ಕೂತರೆ ಮನೆಯವರೆಲ್ಲ ಒಟ್ಟಿಗೆ ಕೂಗಿ ಓಡಿಸುತ್ತಿದ್ದರು!

ಸೆಟ್ ಇಲ್ಲದವರು ಏನು ಮಾಡುತ್ತಿದ್ದರು? ಬೆಂಗಳೂರು ಇದಕ್ಕೆ ಕಂಡುಕೊಂಡ ದಾರಿ ನನಗೆ ತುಂಬಾ ಇಷ್ಟ. ಊರಿನ ಹಲವು ಪಾರ್ಕುಗಳಲ್ಲಿ ರೇಡಿಯೋಗೆ ಅಂತಲೇ ಒಂದು ಪುಟ್ಟ ಕಟ್ಟೆ, ಧ್ವನಿವರ್ಧಕ. ಸಂಜೆ ವಾರ್ತೆಯ ಹೊತ್ತಿಗೆ ಹುಲ್ಲಿನ ಮೇಲೆ ಜನ ಸೇರುತ್ತಿದ್ದರು. ಕೆಲಸ ಮುಗಿಸಿ ಬಂದ ಮಗ್ಗದವರು, ಪಿಂಚಣಿ ಮೇಷ್ಟ್ರು, ಮಗು ಎತ್ತಿಕೊಂಡ ತಾಯಿ ಎಲ್ಲರೂ ಒಂದೇ ಸುದ್ದಿಯನ್ನು ಒಂದೇ ಹೊತ್ತಿನಲ್ಲಿ ಕೇಳುತ್ತಿದ್ದರು. ಪತ್ರಿಕೆ ಓದಬಲ್ಲವನಿಗೂ ಓದಲಾರದವನಿಗೂ ಅಷ್ಟು ಹೊತ್ತು ಯಾವ ವ್ಯತ್ಯಾಸವೂ ಇಲ್ಲ. ಈ ಕಟ್ಟೆಗಳನ್ನು ಉಳಿಸಿಕೊಳ್ಳಬೇಕು ಅಂತ ನಾನು ಗಟ್ಟಿಯಾಗಿ ಹೇಳುತ್ತೇನೆ. ನಗರದ ಇತಿಹಾಸ ಅಂದರೆ ಅರಮನೆ, ಕೋಟೆ ಅಷ್ಟೇ ಅಲ್ಲ.

ಇನ್ನು ಭಾಷೆಯ ವಿಚಾರ. ವಾರ್ತೆಯ ಕನ್ನಡ ಗಂಭೀರವಾಗಿತ್ತು, ಅದು ಬೇಕಿತ್ತು ಕೂಡ. ಆದರೆ ಹಳ್ಳಿಯವರಿಗಾಗಿ ಮಾಡಿದ ಕಾರ್ಯಕ್ರಮಗಳಲ್ಲಿ ಬೇರೆಯದೇ ದನಿ ಕೇಳುತ್ತಿತ್ತು. ಬೆಂಗಳೂರು ಕೇಂದ್ರದಲ್ಲಿ ಎ.ಎಸ್. ಮೂರ್ತಿಯವರು ‘ಈರಣ್ಣ’ ಆಗಿ ಮಾತಾಡುತ್ತಿದ್ದರೆ ಅಂಗಡಿ ಕಟ್ಟೆಯ ಮೇಲೆ ಕೂತ ಯಾರೋ ಪರಿಚಯದವರು ಹರಟಿದ ಹಾಗೆ. ಜನಕ್ಕೆ ಅವರ ನಿಜ ಹೆಸರಿಗಿಂತ ಈರಣ್ಣನೇ ಜಾಸ್ತಿ ಗೊತ್ತಿತ್ತು. ಧಾರವಾಡ ಕೇಂದ್ರ 1950ರ ಜನವರಿಯಲ್ಲಿ ಶುರುವಾಯಿತು, 1956ರಿಂದ ಅದಕ್ಕೆ ಬೇಂದ್ರೆಯವರೇ ಸಲಹೆಗಾರರು. ಅಲ್ಲಿಯ ಕನ್ನಡಕ್ಕೆ ಅಲ್ಲಿಯದೇ ಸೊಗಡು. ಆಮೇಲೆ ಕಲಬುರ್ಗಿ, ಭದ್ರಾವತಿ, ಮಂಗಳೂರು ಬಂದವು. ಒಂದೇ ಕನ್ನಡ ಎಲ್ಲರ ಮೇಲೆ ಹೇರದೆ ಊರೂರಿನ ಮಾತಿಗೂ ಜಾಗ ಸಿಕ್ಕಿತಲ್ಲ, ಆ ಕಾಲಕ್ಕೆ ಅದು ಸಣ್ಣ ವಿಷಯವಲ್ಲ.

ಕವಿತೆಯೂ ಹಾಗೇ. ಕಾಳಿಂಗರಾಯರು, ಮೈಸೂರು ಅನಂತಸ್ವಾಮಿಯವರು ಹಾಡಿದ ಭಾವಗೀತೆಗಳನ್ನು ರೇಡಿಯೋದಲ್ಲಿ ಕೇಳಿ ಕೇಳಿ ಬಾಯಿಪಾಠ ಮಾಡಿದವರು ಎಷ್ಟೋ ಜನ. ಕವನ ಸಂಕಲನ ಕೈಯಲ್ಲಿ ಹಿಡಿದವರಲ್ಲ ಅವರು. ಆದರೂ ಒಗ್ಗರಣೆ ಹಾಕುತ್ತಾ, ರಾಗಿ ಬೀಸುತ್ತಾ ನಮ್ಮ ದೊಡ್ಡ ಕವಿಗಳ ಸಾಲು ಗುನುಗುತ್ತಿದ್ದರು. ಕವಿತೆ ಹೀಗೆ ಅಡುಗೆಮನೆಗೆ ಹೋಗಿ ಕೂತಿದ್ದು ರೇಡಿಯೋದಿಂದ.

ಎಲ್ಲವೂ ಸರಿಯಿತ್ತು ಅಂತ ನಾನು ಹೇಳುತ್ತಿಲ್ಲ. ಜನ ಏನು ಕೇಳಬೇಕು ಅಂತ ದಿಲ್ಲಿಯಲ್ಲಿ ಕೂತವರು ತೀರ್ಮಾನ ಮಾಡುತ್ತಿದ್ದರು. 1952ರಲ್ಲಿ ವಾರ್ತಾ ಮತ್ತು ಪ್ರಸಾರ ಮಂತ್ರಿಯಾದ ಬಿ.ವಿ. ಕೇಸ್ಕರ್ ಸಿನಿಮಾ ಹಾಡು ಹಗುರ ಅಂತ ಅದಕ್ಕೆ ಕಡಿವಾಣ ಹಾಕಿದರು. ಜನ ಸುಮ್ನೆ ಇದ್ದರೇ? ಮುಳ್ಳು ತಿರುಗಿಸಿ ಶ್ರೀಲಂಕಾದ ರೇಡಿಯೋ ಸಿಲೋನ್ ಹಿಡಿದರು. ಶಾರ್ಟ್‌ವೇವ್ ಅಲೆ ಮೇಲಿನ ವಾತಾವರಣಕ್ಕೆ ತಾಗಿ ವಾಪಸ್ ಬೀಳುತ್ತದೆ, ಅದಕ್ಕೆ ಗಡಿ ಅಡ್ಡ ಬರುವುದಿಲ್ಲ. ಕೊನೆಗೆ 1957ರ ಅಕ್ಟೋಬರ್‌ನಲ್ಲಿ ಆಕಾಶವಾಣಿಯೇ ವಿವಿಧ ಭಾರತಿ ಶುರುಮಾಡಿ ಸಿನಿಮಾ ಹಾಡು ಹಾಕಬೇಕಾಯಿತು. ಕೇಳುಗರು ಗೆದ್ದರು. ತುರ್ತು ಪರಿಸ್ಥಿತಿಯಲ್ಲಿ ಮಾತ್ರ ಗೆಲ್ಲಲಾಗಲಿಲ್ಲ. 1975ರ ಜೂನ್ 26ರ ಬೆಳಗ್ಗೆ ಇಂದಿರಾ ಗಾಂಧಿ ಸುದ್ದಿ ತಿಳಿಸಿದ್ದು ಇದೇ ರೇಡಿಯೋದಲ್ಲಿ, ಆಮೇಲೆ ಅದರಲ್ಲಿ ಬಂದದ್ದೆಲ್ಲ ಒಂದೇ ಕಡೆಯ ಮಾತು. ಓದಲು ಬಾರದವನಿಗೆ ಅದೊಂದೇ ಕಿಟಕಿ ಆಗಿದ್ದಾಗ ಇದು ಎಷ್ಟು ದೊಡ್ಡ ಅನ್ಯಾಯ, ಅಲ್ವಾ?

1995ರಲ್ಲಿ ಸುಪ್ರೀಂ ಕೋರ್ಟ್, ರೇಡಿಯೋ ತರಂಗಗಳು ಸಾರ್ವಜನಿಕ ಆಸ್ತಿ ಅಂತ ತೀರ್ಪು ಕೊಟ್ಟಿತು. ದೇಶದ ಮೊದಲ ಖಾಸಗಿ ಎಫ್‌ಎಂ ಕೇಂದ್ರ ಶುರುವಾಗಿದ್ದು ನಮ್ಮ ಬೆಂಗಳೂರಿನಲ್ಲೇ, 2001ರ ಜುಲೈನಲ್ಲಿ. ಅದರ ಬಗ್ಗೆ ಹೆಚ್ಚು ಬರೆಯುವುದಿಲ್ಲ, ನಿಮಗೆಲ್ಲ ಗೊತ್ತಿರುವುದೇ. ನನಗೆ ಹೆಚ್ಚು ಮುಖ್ಯ ಅನ್ನಿಸುವುದು ಹೆಚ್ಚುಕಮ್ಮಿ ಅದೇ ಕಾಲದಲ್ಲಿ ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ ನಡೆದದ್ದು. ಅಲ್ಲಿ ಸ್ವಸಹಾಯ ಸಂಘದ ಹೆಂಗಸರು, ಹುಡುಗರು ಸೇರಿ ‘ನಮ್ಮ ಧ್ವನಿ’ ಅಂತ ಕೇಂದ್ರ ಮಾಡಿದರು. ಹಳ್ಳಿಯವರು ಗಾಳಿಯಲ್ಲಿ ಪ್ರಸಾರ ಮಾಡಲು ಆಗ ಕಾನೂನಿನಲ್ಲಿ ಅವಕಾಶ ಇರಲಿಲ್ಲ. ಅವರು ಕೈಕಟ್ಟಿ ಕೂರಲಿಲ್ಲ, ಕೇಬಲ್ ಎಳೆದು ಮನೆಮನೆಗೆ ದನಿ ಮುಟ್ಟಿಸಿದರು! ಸ್ವಯಂಸೇವಾ ಸಂಸ್ಥೆಗಳಿಗೆ ಸಮುದಾಯ ರೇಡಿಯೋ ನಡೆಸಲು ಸರ್ಕಾರ ಅವಕಾಶ ಕೊಟ್ಟಿದ್ದು 2006ರಲ್ಲಿ. ಇವರು ಅದಕ್ಕೆ ಕಾಯಲಿಲ್ಲ. ಬೆಂಗಳೂರಿನ ‘ರೇಡಿಯೋ ಆಕ್ಟಿವ್’ 90.4ರಲ್ಲಿ ಕಸ ಆಯುವವರು, ಲಿಂಗತ್ವ ಅಲ್ಪಸಂಖ್ಯಾತರು ತಾವೇ ಮೈಕ್ ಹಿಡಿದು ಮಾತಾಡಿದ್ದಾರೆ. ಅಲ್ಲಿಯವರೆಗೆ ಬರೀ ಕೇಳಿಸಿಕೊಳ್ಳುತ್ತಿದ್ದವರು ತಾವೇ ಮಾತಾಡಲು ಶುರುಮಾಡಿದರು. ಒಂಟಿಕೊಪ್ಪಲಿನ ಮೇಷ್ಟ್ರು ಬದುಕಿದ್ದಿದ್ದರೆ ಬಹಳ ಖುಷಿಪಡುತ್ತಿದ್ದರು ಅನ್ನಿಸುತ್ತದೆ.

ಇಷ್ಟೆಲ್ಲ ಈ ಸಂಚಿಕೆಯಲ್ಲಿ ಯಾಕೆ ಬರೆಯುತ್ತಿದ್ದೇನೆ ಅಂದರೆ, ನಮ್ಮ ಸಂಘದ ಮನೆಗಳಲ್ಲಿ ಬೆಳೆಯುತ್ತಿರುವ ಮಕ್ಕಳು ಕನ್ನಡದ ಮಟ್ಟಿಗೆ ಆ 82 ಮಂದಿಯ ಸಾಲಿನಲ್ಲಿದ್ದಾರೆ. ಅಜ್ಜಿ ಫೋನಿನಲ್ಲಿ ಬೈದರೆ ಅರ್ಥವಾಗುತ್ತದೆ, ನಗುತ್ತಾರೆ, ತಿರುಗಿ ಎರಡು ಮಾತು ಹೇಳುತ್ತಾರೆ. ಈ ಸುದ್ದಿಪತ್ರ ಕೈಗೆ ಕೊಟ್ಟರೆ ಒಂದು ಸಾಲು ಓದಲು ಬರುವುದಿಲ್ಲ. ಅಕ್ಷರ ಕಲಿಸಬೇಕು, ನಮ್ಮ ಭಾನುವಾರದ ಕನ್ನಡ ತರಗತಿ ಅದಕ್ಕೇ ಇರುವುದು. ಆದರೆ ಅಕ್ಷರ ಬರುವವರೆಗೆ ಅವರನ್ನು ಕಾಯಿಸುವುದು ತಪ್ಪು. ನಾವು ಸಂಪಾದಕ ಮಂಡಳಿಯವರು ಮಾತಾಡಿಕೊಂಡು, ಮುಂದಿನ ಸಂಚಿಕೆಯಿಂದ ಇಡೀ ಸುದ್ದಿಪತ್ರವನ್ನು ಓದಿ ಧ್ವನಿಮುದ್ರಣ ಮಾಡಿ ಸದಸ್ಯರ ವಾಟ್ಸಾಪ್ ಗುಂಪಿಗೆ ಕಳಿಸೋಣ ಅಂತ ತೀರ್ಮಾನ ಮಾಡಿದ್ದೇವೆ.

ಓದಲು ದನಿಗಳು ಬೇಕು. ರೇಡಿಯೋದವರ ಹಾಗೆ ಮಾತಾಡಬೇಕು ಅಂತ ಯಾರೂ ಹಿಂಜರಿಯಬೇಡಿ. ಹುಬ್ಬಳ್ಳಿಯವರು ಹುಬ್ಬಳ್ಳಿಯ ಹಾಗೆಯೇ ಓದಿ, ಕುಂದಾಪುರದವರು ಕುಂದಾಪುರದ ಹಾಗೆಯೇ ಓದಿ. ಊರಿಂದ ಬಂದು ಮಕ್ಕಳ ಮನೆಯಲ್ಲಿ ಮೂರು ನಾಲ್ಕು ತಿಂಗಳು ಇರುವ ತಂದೆ ತಾಯಿಯರನ್ನು ದಯವಿಟ್ಟು ಕೂರಿಸಿ, ಇಲ್ಲಿ ಅವರಿಗೂ ಹೊತ್ತು ಹೋಗುವುದಿಲ್ಲ. ಬೀದಿ ಕಡೆಯ ಕೋಣೆ ಬೇಡ. ಫ್ಯಾನ್, ಹೀಟರ್ ಆರಿಸಿ. ಫೋನನ್ನು ಬಾಯಿಗೆ ಒಂದು ಗೇಣು ದೂರದಲ್ಲಿ ಇಡಿ, ಕೈಯಲ್ಲಿ ಹಿಡಿದರೆ ಸವರಿದ ಸದ್ದೆಲ್ಲ ಸೇರುತ್ತದೆ, ನಾಲ್ಕು ಪುಸ್ತಕ ಜೋಡಿಸಿ ಅದರ ಮೇಲೆ ಇಡಿ. ಐದು ನಿಮಿಷಕ್ಕಿಂತ ಜಾಸ್ತಿ ಬೇಡ, ಮಕ್ಕಳು ಕೇಳುವುದಿಲ್ಲ. ಮೊದಲು ಒಂದು ಸಲ ಮನಸ್ಸಿನಲ್ಲೇ ಓದಿಕೊಂಡು, ಆಮೇಲೆ ಎದುರಿಗೆ ಮೊಮ್ಮಗು ಕೂತಿದೆ ಅಂದುಕೊಂಡು ಓದಿ. ಮೊಮ್ಮಗು ನಿಜವಾಗಿಯೂ ಎದುರಿಗೆ ಕೂತು ಮಧ್ಯೆ ಏನಾದರೂ ಕೇಳಿದರೆ ಅದನ್ನು ಕತ್ತರಿಸಬೇಡಿ, ಹಾಗೇ ಕಳಿಸಿ.