ದಶಮಾಂಶ ಬಿಂದುವಿನ ಬಗ್ಗೆ, ಮಗಳಿಗೆ

ಡೊಂಬಿವಲಿ, ಭಾನುವಾರ ರಾತ್ರಿ

ಪುಟ್ಟಿ,

ಮೊನ್ನೆ ಊಟದ ಹೊತ್ತಿಗೆ ಆದ ಮಾತು ಇಬ್ಬರಿಗೂ ಗೊತ್ತಿರುವುದೇ, ಮತ್ತೆ ಕೆದಕುವುದಿಲ್ಲ. ರೇಡಿಯಾಲಜಿ ಸಿಗುತ್ತಿತ್ತಲ್ಲ ಎಂದು ನಾನಂದದ್ದು ನಿನಗೆ ನಾಟಿದ್ದರೆ ಬೇಜಾರು ಮಾಡ್ಕೋಬೇಡ. ಮಕ್ಕಳ ಡಾಕ್ಟರಿಗೆ ಸ್ಕ್ಯಾನ್ ಇಲ್ಲ, ಆಪರೇಷನ್ ಇಲ್ಲ. ಕನ್ಸಲ್ಟೇಷನ್ ಮತ್ತು ಲಸಿಕೆಯ ಮೇಲೆಯೇ ಕ್ಲಿನಿಕ್ ನಡೆಯಬೇಕು, ಒಂದೇ ಫೀಸಿನಲ್ಲಿ ಮಗುವನ್ನೂ ನೋಡಬೇಕು, ಅದರ ಅಜ್ಜಿಯನ್ನೂ ಒಪ್ಪಿಸಬೇಕು. ಇಷ್ಟೆಲ್ಲ ತಿಳಿದೂ ನೀನು ಎಂ.ಡಿ. ಪೀಡಿಯಾಟ್ರಿಕ್ಸನ್ನೇ ಹಿಡಿದೆ. ಅದೂ ಸಯನ್ ಆಸ್ಪತ್ರೆಯಲ್ಲಿ, 1989ರಲ್ಲಿ ಡಾ. ಆರ್ಮಿಡಾ ಫರ್ನಾಂಡಿಸ್ ಏಷ್ಯಾದ ಮೊದಲ ತಾಯಿಹಾಲಿನ ಬ್ಯಾಂಕ್ ಶುರುಮಾಡಿದ ಜಾಗದಲ್ಲಿ. ನಮ್ಮ ಬಿಲ್ಡಿಂಗಿನವರಿಗೆಲ್ಲ ಹೇಳಿಯಾಗಿದೆ, ನಿನ್ನೆದುರಿಗೆ ಮಾತ್ರ ಬಾಯಿ ಬರಲಿಲ್ಲ.

ಊಟ, ನಿದ್ದೆ, ಥೀಸಿಸ್ ಹೇಗೋ ಆಗುತ್ತವೆ. ನನಗೆ ಭಯ ದಶಮಾಂಶ ಬಿಂದುವಿನದ್ದು. ದೊಡ್ಡವರಿಗೆ ಮಾತ್ರೆ 500 ಎಂದರೆ 500. ನಿಮ್ಮಲ್ಲಿ ಒಂದು ಕೆ.ಜಿ. ತುಂಬದ ಶಿಶುವೂ ಇರುತ್ತದೆ, 40 ಕೆ.ಜಿ.ಯ ಹುಡುಗನೂ ಇರುತ್ತಾನೆ. ಬೆಳಗಿನ ಜಾವ ಮೂರಕ್ಕೆ ಲೆಕ್ಕ ತಪ್ಪಿದರೆ ಅಷ್ಟಿಷ್ಟಲ್ಲ, ಹತ್ತು ಪಟ್ಟು ತಪ್ಪಬಹುದು.

ಉದಾಹರಣೆಗೆ ಜೆಂಟಾಮೈಸಿನ್ ಎಂಬ ಆಂಟಿಬಯಾಟಿಕ್ ಇಂಜೆಕ್ಷನ್ ತಗೋ. ವಯಲ್‌ನಲ್ಲಿ 2 ಮಿ.ಲೀ.ಗೆ 80 ಮಿ.ಗ್ರಾಂ. ಕೆ.ಜಿ.ಗೆ 5 ಮಿ.ಗ್ರಾಂನಂತೆ 2 ಕೆ.ಜಿ. ಶಿಶುವಿಗೆ 10 ಮಿ.ಗ್ರಾಂ, ಅಂದರೆ ಕಾಲು ಮಿ.ಲೀ. ಅದನ್ನು 5 ಮಿ.ಲೀ. ಸಿರಿಂಜಿನಲ್ಲಿ ಅಳೆಯುವುದಕ್ಕಾಗದು, ಮೂತಿಯಲ್ಲಿ ಉಳಿಯುವ ಹನಿಯೇ ಲೆಕ್ಕ ಕೆಡಿಸುತ್ತದೆ. 6 ಮಿ.ಲೀ. ನಾರ್ಮಲ್ ಸಲೈನ್ ಸೇರಿಸಿ ಒಟ್ಟು 8 ಮಾಡಿಕೋ. ಆಗ 1 ಮಿ.ಲೀ.ಗೆ 10 ಮಿ.ಗ್ರಾಂ, 1 ಮಿ.ಲೀ. ಸಿರಿಂಜಿನಲ್ಲಿ ತುಂಬ ಎಳೆದರಾಯಿತು. ಆದರೆ ಕೇಸ್ ಪೇಪರಿನಲ್ಲಿ ಬರೀ ‘1 ಮಿ.ಲೀ.’ ಎಂದು ಬರೆದುಬಿಟ್ಟೆಯೋ, ಮುಂದಿನ ಡ್ಯೂಟಿಯವರು ವಯಲ್‌ನಿಂದ ನೇರ 1 ಮಿ.ಲೀ. ಎಳೆಯುತ್ತಾರೆ. ಅದು 40 ಮಿ.ಗ್ರಾಂ, ಕಿವಿಗೂ ಕುತ್ತು, ಕಿಡ್ನಿಗೂ ಕುತ್ತು. ತೂಕ, ಕೆ.ಜಿ.ಗೆ ಎಷ್ಟು, ಒಟ್ಟು ಮಿ.ಗ್ರಾಂ, ಹೇಗೆ ಡೈಲ್ಯೂಟ್ ಮಾಡಿದ್ದು, ಎಷ್ಟು ಮಿ.ಲೀ.: ಎಲ್ಲವನ್ನೂ ಬರೆ. ಲೇಬಲ್ ಇಲ್ಲದ ಸಿರಿಂಜ್ ಟ್ರೇಯಲ್ಲಿ ಕಂಡರೆ ಎಸೆದುಬಿಡು, ಯಾರದ್ದೇ ಆಗಲಿ.

ಹೃದಯ ಬಡಿತ ಏರಿಸುವ ಅಡ್ರಿನಲಿನ್ ಆಂಪೂಲ್ ಬರುವುದು 1:1000, ನವಜಾತ ಶಿಶುವಿನ ರಕ್ತನಾಳಕ್ಕೆ ಹೋಗಬೇಕಾದದ್ದು 1:10,000, ಅಂದರೆ ಹತ್ತು ಪಟ್ಟು ತೆಳು. ಒಂದು ಭಾಗ ಔಷಧಕ್ಕೆ ಒಂಬತ್ತು ಭಾಗ ಸಲೈನ್. ಕಷ್ಟದ ಹೆರಿಗೆಗೆ ಕರೆ ಬಂದಾಗ ಇದನ್ನು ಮೊದಲೇ ಮಾಡಿ, ಹೆಸರು ಅಂಟಿಸಿ ಇಟ್ಟುಕೋ. ಹೃದಯ ಬಡಿತ ಇಳಿಯುತ್ತಿರುವಾಗ ಭಾಗಾಕಾರ ಮಾಡಬಾರದು.

ಬರೆಯುವಾಗ 0.5 ಎಂದು ಬರೆ. ಸೊನ್ನೆ ಬಿಟ್ಟು .5 ಎಂದರೆ ಚುಕ್ಕೆ ಮಾಸಿ 5 ಆಗುತ್ತದೆ. 5ಕ್ಕೆ ಬರೀ 5 ಸಾಕು, 5.0 ಎಂದರೆ ಯಾರೋ 50 ಓದುತ್ತಾರೆ. ಸಿಸ್ಟರ್ ಹತ್ತಿರ ‘0.4 ಸರಿಯಾ?’ ಎಂದು ಕೇಳಬೇಡ, ಅವರು ಹೂಂ ಎನ್ನುತ್ತಾರೆ. ನಿನ್ನ ಉತ್ತರ ಹೇಳದೆ ಅವರೇ ಲೆಕ್ಕ ಹಾಕಲಿ, ಆಮೇಲೆ ಎರಡನ್ನೂ ಹೋಲಿಸು. ಹಳೇ ಸಿಸ್ಟರ್ ಮರಾಠಿಯಲ್ಲಿ ‘ಜಾಸ್ತ ವಾಟ್ತೇ’, ಜಾಸ್ತಿ ಅನಿಸುತ್ತದೆ, ಅಂದರೆ ಅಲ್ಲೇ ನಿಲ್ಲಿಸಿಬಿಡು.

ತೂಕವನ್ನು ತಾಯಿಯ ಬಾಯಿಂದ ಬರೆದುಕೊಳ್ಳಬೇಡ, ಅವರು ಹೇಳುವುದು ಹಿಂದಿನ ಲಸಿಕೆಯ ದಿನದ್ದು. ಡಯಾಪರ್ ಬಿಚ್ಚಿ ತೂಗು. ವರ್ಷದ ಲೆಕ್ಕದ ವಯಸ್ಸಿನ ಎರಡು ಪಟ್ಟಿಗೆ ಎಂಟು ಸೇರಿಸಿ ತೂಕ ಅಂದಾಜಿಸುವ ಸೂತ್ರ ತಕ್ಕಡಿಗೆ ಹಾಕಲಾಗದ ಎಮರ್ಜೆನ್ಸಿಗೆ ಮಾತ್ರ. ಅಪೌಷ್ಟಿಕ ಮಗುವಿಗೆ ಆ ಸೂತ್ರ ಇಲ್ಲದ ತೂಕ ಕೊಡುತ್ತದೆ.

ಉಪದೇಶ ಜಾಸ್ತಿಯಾಯಿತು, ಗೊತ್ತು. ಪ್ಯಾರಾಸಿಟಮಾಲ್ ಒಂದು ಹೇಳಿಬಿಡುತ್ತೇನೆ, ಇದು ವಾರ್ಡಿನಲ್ಲಿ ಅಲ್ಲ, ಮನೆಗೆ ಹೋದ ಮೇಲೆ ತಪ್ಪುವುದು. 10 ಕೆ.ಜಿ. ಮಗುವಿಗೆ 150 ಮಿ.ಗ್ರಾಂ. ಸಿರಪ್ 5 ಮಿ.ಲೀ.ಗೆ 125 ಇದ್ದರೆ 6 ಮಿ.ಲೀ., 250 ಇದ್ದರೆ 3. ಡ್ರಾಪ್ಸ್ 1 ಮಿ.ಲೀ.ಗೇ 100, ಹಾಗಾಗಿ ಒಂದೂವರೆ ಮಿ.ಲೀ. ಸಿರಪ್ ಮುಗಿದು ಡ್ರಾಪ್ಸ್ ತಂದು ಅದನ್ನೂ 6 ಮಿ.ಲೀ. ಕುಡಿಸಿದರೆ ನಾಲ್ಕು ಪಟ್ಟು. ಕಲಬುರಗಿ, ವಿಜಯಪುರದ ಕಡೆಯಿಂದ ಕೂಲಿಗೆ ಬಂದವರು ಸಿಕ್ಕರೆ ಕನ್ನಡದಲ್ಲೇ ಹೇಳು. ‘ಒಂದು ಚಮಚ’ ಅನ್ನಬೇಡ, ಅವರವರ ಮನೆಯ ಚಮಚ ಬೇರೆ. ಬಾಟಲಿ ಅವರ ಕೈಗೆ ಕೊಟ್ಟು, ಸಿರಿಂಜಿನಲ್ಲಿ ಎಳೆಸಿ ನೋಡು.

ಮುಂದೆ ನಿಯೋನೇಟಾಲಜಿ, ಅಂದರೆ ನವಜಾತ ಶಿಶುಗಳ ವಿಭಾಗದಲ್ಲಿ ಡಿ.ಎಂ. ಮಾಡುತ್ತೀಯೋ ಇಲ್ಲವೋ, ಈಗಲೇ ಹೇಳಬೇಕಿಲ್ಲ. ಅದು ಮತ್ತೆ ಮೂರು ವರ್ಷ. ಅಪ್ಪ ಕೇಳಿದರೆ ನಾನು ನೋಡಿಕೊಳ್ಳುತ್ತೇನೆ.

ಬ್ಯಾಗಿನ ಸೈಡ್ ಜಿಪ್‌ನಲ್ಲಿ ಚಿಕ್ಕ ಕ್ಯಾಲ್ಕುಲೇಟರ್ ಇದೆ. ಮೊಬೈಲ್ ಇದೆಯಲ್ಲ ಎಂದು ತೆಗೆದಿಡಬೇಡ. ನೀನು ಫೋನ್ ತೆಗೆದರೆ ಮೊದಲು ನೋಡುವುದು ವಾಟ್ಸಾಪ್.

ಅಮ್ಮ