ಸಣ್ಣ ಬಸ್ಸನ್ನೇ ಹಿಡಿ

ಚಿ. ಸಹನಾಗೆ ದೊಡ್ಡಮ್ಮನ ಆಶೀರ್ವಾದಗಳು.

ಇಲ್ಲಿ ಎಲ್ಲರೂ ಕ್ಷೇಮ. ನೀನು ವಾಟ್ಸಾಪಿನಲ್ಲಿ ಕಳಿಸಿದ ಐರ್ಲೆಂಡಿನ ಎರಡೂ ಟೂರ್ ಪಟ್ಟಿಗಳನ್ನು ನಿಧಾನವಾಗಿ ಓದಿದೆ. ಫೋನಿನಲ್ಲೇ ಹೇಳಬಹುದಿತ್ತು. ಆದರೆ ನಿನ್ನ ಅಮ್ಮ ಪಕ್ಕದಲ್ಲಿ ಕೂತು "ಅಕ್ಕ, ದುಡ್ಡೆಷ್ಟಂತೆ?" ಅಂತ ಮಧ್ಯೆ ಬಾಯಿ ಹಾಕುತ್ತಾಳೆ. ಆಮೇಲೆ ಮಾತು ಎಲ್ಲಿಗೋ ಹೋಗುತ್ತದೆ. ಅದಕ್ಕೇ ಬರೆಯುತ್ತಿದ್ದೇನೆ.

ಎರಡನೆಯದಕ್ಕೇ ಹೋಗಿ. ಏಳು ದಿನದಲ್ಲಿ ಇಡೀ ಐರ್ಲೆಂಡ್ ತೋರಿಸುತ್ತೇವೆ ಅನ್ನುವ ಆ ಮೊದಲನೆಯದು ಬೇಡ. ಅದರಲ್ಲಿ 50 ಜನರ ಕೋಚು, ದಿನಕ್ಕೊಂದು ಊರು, ದಿನಕ್ಕೊಂದು ಹೋಟೆಲು. ನಿನ್ನ ಅಮ್ಮನ ಮೊಣಕಾಲಿಗೆ ದಿನಾ ಬೆಳಿಗ್ಗೆ ಪೆಟ್ಟಿಗೆ ಕಟ್ಟುವ ಕೆಲಸವೇ ಸಾಕಾಗಿಹೋಗುತ್ತದೆ. ಎರಡನೆಯದರಲ್ಲಿ ಆರು ದಿನ, 16 ಸೀಟಿನ ಬಸ್ಸು, ಡಿಂಗಲ್‌ನಲ್ಲಿ ಎರಡು ರಾತ್ರಿ, ವೆಸ್ಟ್‌ಪೋರ್ಟ್‌ನಲ್ಲಿ ಎರಡು ರಾತ್ರಿ. ನೋಡುವ ಜಾಗ ಕಡಿಮೆ, ದುಡ್ಡು ಜಾಸ್ತಿ. ಆದರೂ ಅದೇ ಸರಿ.

ಯಾಕೆ ಅಂತ ಹೇಳುತ್ತೇನೆ. ಕೆರಿ ಜಿಲ್ಲೆಯಲ್ಲಿ ಸಮುದ್ರದ ಅಂಚಿನಲ್ಲೇ ಸುತ್ತಿಬರುವ 179 ಕಿಲೋಮೀಟರ್ ದಾರಿ ಇದೆ, ರಿಂಗ್ ಆಫ್ ಕೆರಿ ಅಂತ. ಎದುರುಬದುರಾದರೆ ದಾಟುವುದು ಕಷ್ಟ ಅಂತ ದೊಡ್ಡ ಕೋಚುಗಳೆಲ್ಲ ಒಂದೇ ದಿಕ್ಕಿನಲ್ಲಿ ಸುತ್ತುತ್ತವೆ. ಹೀಗಾಗಿ ಒಂದರ ಹಿಂದೆ ಒಂದು. ಎಲ್ಲವೂ ಅದೇ ತಿರುವಿನಲ್ಲಿ ನಿಲ್ಲುತ್ತವೆ, ಜನ ಇಳಿದು ಅದೇ ಫೋಟೋ ತೆಗೆದು ಹತ್ತುತ್ತಾರೆ. ಸಣ್ಣ ಬಸ್ಸಾದರೆ ಪೋರ್ಟ್‌ಮೆಗಿ ಕಡೆ ಒಳದಾರಿಗೆ ತಿರುಗಬಹುದು. ಸ್ಕೆಲ್ಲಿಗ್ ರಿಂಗ್ ಅನ್ನುವ ಆ ರಸ್ತೆಗೆ ಕೋಚುಗಳು ಹೋಗಲಾರವು. ಅಲ್ಲಿಂದ ಸಮುದ್ರದ ನಡುವೆ ಚೂಪಾಗಿ ಎದ್ದ ಎರಡು ಬಂಡೆ ದ್ವೀಪಗಳು ಕಾಣುತ್ತವೆ. ದೊಡ್ಡದರ ಮೇಲೆ ನೂರಾರು ವರ್ಷ ಕ್ರೈಸ್ತ ಸನ್ಯಾಸಿಗಳು ಕಲ್ಲಿನ ಗುಡಿಸಲು ಕಟ್ಟಿಕೊಂಡು ಬದುಕಿದ್ದರು. 1996ರಿಂದ ಅದು ಯುನೆಸ್ಕೋ ಪಟ್ಟಿಯಲ್ಲಿದೆ. ದೋಣಿಯಲ್ಲಿ ಹೋಗಿ 600ಕ್ಕೂ ಹೆಚ್ಚು ಕಡಿದಾದ ಮೆಟ್ಟಿಲು ಹತ್ತಬೇಕು. ನಿಮಗೆ ಅದು ಬೇಡ. ದಡದಿಂದಲೇ ಕೈಮುಗಿದು ಬನ್ನಿ.

ರಸ್ತೆ ಒಂದು ಕಾರಣ ಅಷ್ಟೇ. ನನಗೆ ಅದಕ್ಕಿಂತ ಮುಖ್ಯ ಅನ್ನಿಸುವುದು ಬೇರೆ. ಆ ದೇಶದ ಪಶ್ಚಿಮ ಭಾಗ ನೋಡಿದವರೆಲ್ಲ "ಎಷ್ಟು ಹಸಿರು, ಎಷ್ಟು ಶಾಂತ, ಜನವೇ ಇಲ್ಲ" ಅನ್ನುತ್ತಾರೆ. ಜನ ಯಾಕಿಲ್ಲ ಅಂತ ಕೇಳುವವರು ಕಡಿಮೆ. 1841ರ ಜನಗಣತಿಯಲ್ಲಿ ಆ ದ್ವೀಪದಲ್ಲಿ 80 ಲಕ್ಷಕ್ಕೂ ಮೇಲೆ ಜನ ಇದ್ದರು. 1845ರಲ್ಲಿ ಆಲೂಗಡ್ಡೆಗೆ ರೋಗ ಬಿತ್ತು. ಬಡವರು ಮೂರು ಹೊತ್ತೂ ತಿನ್ನುತ್ತಿದ್ದುದು ಅದೊಂದನ್ನೇ. ಮುಂದಿನ ಕೆಲವು ವರ್ಷಗಳಲ್ಲಿ ಸುಮಾರು 10 ಲಕ್ಷ ಜನ ಹಸಿವಿನಿಂದಲೂ ರೋಗದಿಂದಲೂ ಸತ್ತರು, ಇನ್ನೊಂದು 10 ಲಕ್ಷ ಜನ ಹಡಗು ಹತ್ತಿ ಹೋದರು. ಅದೇ ಹೊತ್ತಿಗೆ ಬಂದರುಗಳಿಂದ ದವಸ, ಬೆಣ್ಣೆ, ದನಗಳು ಇಂಗ್ಲೆಂಡಿಗೆ ಹೋಗುತ್ತಲೇ ಇದ್ದವು. ಉತ್ತರ, ದಕ್ಷಿಣ ಎರಡನ್ನೂ ಸೇರಿಸಿದರೂ ಅಲ್ಲಿನ ಜನಸಂಖ್ಯೆ ಇವತ್ತಿಗೂ ಆ 1841ರ ಲೆಕ್ಕಕ್ಕೆ ವಾಪಸ್ ಬಂದಿಲ್ಲ. ಗುಡ್ಡದ ಇಳಿಜಾರಿನಲ್ಲಿ ಹುಲ್ಲಿನ ಕೆಳಗೆ ಸಾಲುಸಾಲು ಏರಿಗಳ ಗುರುತು ಕಾಣುತ್ತದೆ. ಅವು ಹಳೆಯ ಆಲೂಗಡ್ಡೆ ಪಾತಿಗಳು. ಸುಮ್ಮನೆ ಕಿಟಕಿಯಲ್ಲಿ ನೋಡಿದರೆ ಅದೂ ಚೆಂದದ ಗುಡ್ಡವೇ. ತೋರಿಸಿ ಹೇಳುವವರು ಬೇಕು. ನೀವು ಜಾಸ್ತಿ ದುಡ್ಡು ಕೊಡುವುದು ಅದಕ್ಕೆ.

ಆ ಬಸ್ಸುಗಳಲ್ಲಿ ಡ್ರೈವರೇ ಗೈಡು. ಕಿವಿಯ ಹತ್ತಿರ ಮೈಕು ಸಿಕ್ಕಿಸಿಕೊಂಡು ಮಾತಾಡುತ್ತಲೇ ಓಡಿಸುತ್ತಾರೆ. ಅರ್ಧ ಚರಿತ್ರೆ, ಅರ್ಧ ಹರಟೆ. ಅವರ ಇಂಗ್ಲಿಷ್ ಮೊದಲ ದಿನ ತಲೆಬುಡ ಅರ್ಥವಾಗುವುದಿಲ್ಲ, ಹೆದರಬೇಡಿ. ಎರಡನೇ ದಿನಕ್ಕೆ ಕಿವಿ ಒಗ್ಗುತ್ತದೆ. ಅರ್ಥವಾಗದಿದ್ದರೆ ಇಳಿದಾಗ ಹತ್ತಿರ ಹೋಗಿ ಕೇಳಿ, ಅವರಿಗೆ ಖುಷಿಯೇ. ಇಯರ್‌ಫೋನ್ ಹಾಕಿಕೊಂಡು ಕೂರುವ ನಿನ್ನ ಅಭ್ಯಾಸ ಮಾತ್ರ ಆ ಆರು ದಿನ ಬಿಟ್ಟುಬಿಡು.

ಮೇಯೋ ಜಿಲ್ಲೆಯಲ್ಲಿ ಡೂಲಾಕ್ ಅನ್ನುವ ಕಣಿವೆ ಇದೆ. ಎರಡು ಕಡೆ ಗುಡ್ಡ, ನಡುವೆ ಕಪ್ಪು ಸರೋವರ, ಪಕ್ಕದಲ್ಲೇ ರಸ್ತೆ. ವೆಸ್ಟ್‌ಪೋರ್ಟ್‌ನಿಂದ ಕಾನಮಾರಾಗೆ ಹೋಗುವ ದಿನ ನಿಮ್ಮ ಬಸ್ಸು ಅಲ್ಲಿ ಹಾದುಹೋಗುತ್ತದೆಯೇ ಅಂತ ಮೊದಲೇ ಕೇಳು. ಹೋಗದಿದ್ದರೆ ಕೇಳಿಕೊಂಡಾದರೂ ಹೋಗಿ. 1849ರ ಮಾರ್ಚ್‌ನಲ್ಲಿ, ಪರಿಹಾರ ಬೇಕಾದರೆ ಅಧಿಕಾರಿಗಳ ಮುಂದೆ ಬಂದು ನಿಲ್ಲಿ ಅಂತ ಹೇಳಿ, ಹಸಿದಿದ್ದ ನೂರಾರು ಜನರನ್ನು ಚಳಿಯಲ್ಲಿ ಆ ದಾರಿಯಲ್ಲಿ ನಡೆಸಿದರು. ಅಷ್ಟು ದೂರ ನಡೆದು ಹೋದವರನ್ನು ಬರಿಗೈಯಲ್ಲಿ ವಾಪಸ್ ಕಳಿಸಿದರು. ದಾರಿಯಲ್ಲೇ ಎಷ್ಟೋ ಜನ ಬಿದ್ದು ಸತ್ತರು. ಈಗ ಅಲ್ಲೊಂದು ಸಾದಾ ಕಲ್ಲಿನ ಶಿಲುಬೆ ಇದೆ. ಅದರ ಮೇಲೆ ಗಾಂಧೀಜಿಯ ಮಾತು ಕೆತ್ತಿದ್ದಾರೆ. ಆ ಮಾತು ಏನು ಅಂತ ನಾನು ಹೇಳುವುದಿಲ್ಲ, ನೀನೇ ನಿಂತು ಓದು. ಅಲ್ಲಿ ನಗುತ್ತಾ ಸೆಲ್ಫಿ ಬೇಡ.

ಡಿಂಗಲ್‌ನಲ್ಲಿ ಇನ್ನೊಂದು ತರಹ. ಅಲ್ಲಿ ಸ್ಲೇ ಹೆಡ್ ದಾರಿಯಲ್ಲಿ ಹೋಗುವಾಗ ಎದುರಿಗೆ ಬ್ಲಾಸ್ಕೆಟ್ ದ್ವೀಪಗಳು ಕಾಣುತ್ತವೆ. ದೊಡ್ಡ ದ್ವೀಪದಲ್ಲಿ ಉಳಿದಿದ್ದ ಕೊನೆಯ ಕೆಲವೇ ಜನರನ್ನು ಸರ್ಕಾರ 1953ರಲ್ಲಿ ದಡಕ್ಕೆ ಕರೆತಂದಿತು. ಹಲವು ಮನೆಗಳು ಈಗಲೂ ಸೂರಿಲ್ಲದೆ ನಿಂತಿವೆ. ಅದೇ ಕಡೆ ಗ್ಯಾಲರಸ್ ಅನ್ನುವ ಪುಟ್ಟ ಪ್ರಾರ್ಥನಾ ಮಂದಿರ ಇದೆ. ಗಾರೆ ಇಲ್ಲದೆ ಬರೀ ಕಲ್ಲು ಜೋಡಿಸಿ ಕಟ್ಟಿದ್ದು, ಆದರೂ ಮಳೆ ಒಳಗೆ ಇಳಿಯದು. ಅಮ್ಮನಿಗೆ ಅದು ಇಷ್ಟವಾಗುತ್ತದೆ. ಹೆಚ್ಚು ನಡೆಯಬೇಕಿಲ್ಲ.

ಆ ಭಾಗದಲ್ಲಿ ಬೋರ್ಡುಗಳೆಲ್ಲ ಐರಿಷ್ ಭಾಷೆಯಲ್ಲೇ ಇರುತ್ತವೆ. ಅಂಗಡಿಯವರೂ ತಮ್ಮತಮ್ಮಲ್ಲಿ ಅದನ್ನೇ ಮಾತಾಡುತ್ತಾರೆ. ಉಳಿದ ದೇಶದಲ್ಲಿ ಬಹುಪಾಲು ಇಂಗ್ಲಿಷೇ. ನೀನು ಶಾಲೆಯಲ್ಲಿ ಓದಿರಬೇಕು, ಕುವೆಂಪು ವಿದ್ಯಾರ್ಥಿಯಾಗಿದ್ದಾಗ ಮೈಸೂರಿಗೆ ಬಂದಿದ್ದ ಕವಿ ಜೇಮ್ಸ್ ಕಸಿನ್ಸ್‌ಗೆ ತಮ್ಮ ಇಂಗ್ಲಿಷ್ ಕವನಗಳನ್ನು ತೋರಿಸಿದರು. ನಿಮ್ಮ ಭಾಷೆಯಲ್ಲಿ ಬರೆಯಿರಿ ಅಂತ ಅವರು ಹೇಳಿ ಕಳಿಸಿದರು. ಆ ಕಸಿನ್ಸ್ ಐರ್ಲೆಂಡಿನವರೇ, ಬೆಲ್‌ಫಾಸ್ಟ್‌ನಲ್ಲಿ ಹುಟ್ಟಿದವರು. ತನ್ನ ನಾಡಿನಲ್ಲಿ ಏನು ಕಳೆದುಹೋಯಿತು ಅಂತ ಕಂಡವರ ಮಾತು ಅದು ಅಂತ ನನಗೆ ಡಿಂಗಲ್‌ನ ಬೀದಿಯಲ್ಲಿ ನಿಂತಾಗ ಅನ್ನಿಸಿತು.

ಅಲ್ಲಿಂದ ಮೇಲೆ ಹೋಗುವಾಗ ಟಾರ್ಬರ್ಟ್‌ನಲ್ಲಿ ಬಸ್ಸನ್ನೇ ದೋಣಿಗೆ ಹತ್ತಿಸಿ ಶ್ಯಾನನ್ ನದಿ ದಾಟಿಸುತ್ತಾರೆ. 20 ನಿಮಿಷ. ಬಸ್ಸಿನಲ್ಲೇ ಕೂರಬೇಡಿ, ಇಳಿದು ನಿಲ್ಲಿ. ಅದೃಷ್ಟವಿದ್ದರೆ ಡಾಲ್ಫಿನ್ ಕಾಣುತ್ತವೆ. ಆಮೇಲೆ ಸಮುದ್ರದ ಅಂಚಿನಲ್ಲಿ ಕಡಿದಾಗಿ ನಿಂತ ಮೊಹರ್ ಬಂಡೆಗಳು. ಎತ್ತರದ ಜಾಗದಲ್ಲಿ ಸಮುದ್ರದಿಂದ 214 ಮೀಟರ್. ನಿನ್ನ ಅಮ್ಮ ಕಲ್ಲು ಹಾಸಿದ ದಾರಿಯಲ್ಲಿ, ತಡೆಗೋಡೆಯ ಒಳಗೇ ಇರಲಿ. ಗಾಳಿ ಆಳನ್ನೇ ತಳ್ಳುತ್ತದೆ. ಅಂಚಿಗೆ ಹೋಗಿ ಫೋಟೋ ತೆಗೆಯಲು ಹೋದವರು ಬಿದ್ದು ಸತ್ತಿದ್ದಾರೆ, ಇದು ಹೆದರಿಸುವ ಮಾತಲ್ಲ. ಮಂಜು ಕವಿದರೆ ಒಂದಿಂಚೂ ಕಾಣುವುದಿಲ್ಲ. ಆಗ ಡ್ರೈವರ್ ಕಾರ್ಯಕ್ರಮ ಹಿಂದೆಮುಂದೆ ಮಾಡಿದರೆ ಗೊಣಗಬೇಡಿ. ಸಣ್ಣ ಬಸ್ಸಿನ ಲಾಭವೇ ಅದು.

ಪಕ್ಕದ ಬರ್ರೆನ್ ಪ್ರದೇಶ ಬರೀ ಬೂದು ಸುಣ್ಣಕಲ್ಲು. ಮೇ ತಿಂಗಳಾದರೆ ಬಿರುಕುಗಳಲ್ಲಿ ಕಡುನೀಲಿ ಹೂವು ಅರಳಿರುತ್ತದೆ. ಇದೇ ಕ್ಲೇರ್ ಜಿಲ್ಲೆಯಲ್ಲಿ ಒಂಟಿ ಮುಳ್ಳುಗಿಡ ಕಂಡರೆ ಯಾರೂ ಕಡಿಯುವುದಿಲ್ಲ, ಅದು ಯಕ್ಷಿಣಿಯರ ಗಿಡ ಅಂತ. ನಮ್ಮ ಕಡೆ ನಾಗಬನಕ್ಕೆ ಕೊಡಲಿ ಹಾಕುತ್ತಾರೆಯೇ? ಹಾಗೆಯೇ. ಹೆದ್ದಾರಿ ಮಾಡುವವರು ಕೂಡ ಅಂಥ ಒಂದು ಗಿಡವನ್ನು ಉಳಿಸಿಕೊಂಡೇ ರಸ್ತೆ ಮಾಡಿದ್ದಾರೆ. ಡ್ರೈವರ್ ಇದನ್ನು ಹೇಳುವಾಗ ನಕ್ಕರೂ, ತಾನು ಮಾತ್ರ ಅದನ್ನು ಮುಟ್ಟುವುದಿಲ್ಲ, ನೋಡು ಬೇಕಾದರೆ.

ಗಾಲ್ವೇ ಊರು ಲವಲವಿಕೆಯದು. ಬೀದಿ ತುಂಬ ಹಾಡು, ಪಿಟೀಲು. ಆದರೆ ನಮ್ಮ ಬೆಳಗಾವಿಯ ಸವಿತಾ ಹಾಲಪ್ಪನವರ 2012ರಲ್ಲಿ ತೀರಿಕೊಂಡದ್ದು ಆ ಊರಿನ ಆಸ್ಪತ್ರೆಯಲ್ಲೇ. ಗರ್ಭ ಉಳಿಯುವುದಿಲ್ಲ ಅಂತ ಗೊತ್ತಾದ ಮೇಲೂ, ಕೇಳಿದರೂ ಗರ್ಭಪಾತ ಮಾಡಲಿಲ್ಲ. 2018ರಲ್ಲಿ ಜನ ಮತ ಹಾಕಿ ಸಂವಿಧಾನದಲ್ಲಿದ್ದ ಗರ್ಭಪಾತದ ನಿಷೇಧವನ್ನೇ ತೆಗೆದರು. ಮತ ಕೇಳಿದವರು ಸವಿತಾ ಅವರ ಹೆಸರು ಹೇಳಿಯೇ ಕೇಳಿದ್ದರು. ಕನ್ನಡದವಳಾಗಿ ನಿನಗೆ ಇದು ಗೊತ್ತಿರಲಿ.

ಇನ್ನು ಜೊತೆಯವರ ವಿಷಯ. ಇದನ್ನು ಯಾವ ಪಟ್ಟಿಯಲ್ಲೂ ಬರೆದಿರುವುದಿಲ್ಲ. 50 ಜನರ ಕೋಚಿನಲ್ಲಿ ನೀನು ಯಾರೋ. 16 ಜನರಲ್ಲಿ ನೀನು ಹತ್ತು ನಿಮಿಷ ತಡವಾಗಿ ಬಂದರೆ ಎಲ್ಲರಿಗೂ ಗೊತ್ತಾಗುತ್ತದೆ, ಎಲ್ಲರೂ ನೆನಪಿಟ್ಟುಕೊಳ್ಳುತ್ತಾರೆ. ಹೇಳಿದ ಹೊತ್ತಿಗೆ ಐದು ನಿಮಿಷ ಮೊದಲೇ ಬನ್ನಿ. ಮುಂದಿನ ಸೀಟಿಗೆ ದಿನಾ ನೀವೇ ಓಡಬೇಡಿ. ಅಮ್ಮನಿಗೆ ತಿರುವಿನ ರಸ್ತೆಯಲ್ಲಿ ವಾಂತಿಯಾಗುತ್ತದೆ ಅಲ್ವಾ, ಅದನ್ನು ಮೊದಲ ದಿನವೇ ಡ್ರೈವರಿಗೆ ಹೇಳಿದರೆ ಎಲ್ಲರೂ ಬಿಟ್ಟುಕೊಡುತ್ತಾರೆ. ಹೇಳದೆ ಹಿಡಿದುಕೊಂಡರೆ ಮುಖ ಗಂಟು ಹಾಕುತ್ತಾರೆ. ಬಸ್ಸಿನೊಳಗೆ ಬೆಳ್ಳುಳ್ಳಿ ಚಟ್ನಿಪುಡಿ ಡಬ್ಬಿ ತೆರೆಯಬೇಡಿ. ವಿಡಿಯೋ ಕಾಲ್ ಮಾಡಿ ಊರಿನವರಿಗೆಲ್ಲ ಸಮುದ್ರ ತೋರಿಸುವುದೂ ಬೇಡ.

ರಾತ್ರಿ ಊಟಕ್ಕೆ ನೀವಿಬ್ಬರೇ ಮೂಲೆಯ ಮೇಜು ಹಿಡಿಯಬೇಡಿ. ಅಂಥ ಟೂರಿನಲ್ಲಿ ಒಬ್ಬರೇ ಬಂದ ವಯಸ್ಸಾದವರು ಇದ್ದೇ ಇರುತ್ತಾರೆ. ಗಂಡನನ್ನೋ ಹೆಂಡತಿಯನ್ನೋ ಕಳೆದುಕೊಂಡವರು, ತಾತನ ಊರು ಹುಡುಕಿ ಅಮೆರಿಕದಿಂದ ಬಂದವರು. ಅವರನ್ನು ಕರೆದು ಕೂರಿಸಿಕೊಳ್ಳಿ. ನಿನ್ನ ಅಮ್ಮನಿಗೆ ಇಂಗ್ಲಿಷ್ ಬರುವುದಿಲ್ಲ ಅಂತ ನೀನು ಅಂದುಕೊಂಡಿದ್ದೀಯ. ಜೊತೆ ಸಿಕ್ಕಿದರೆ ಹೇಗೆ ಮಾತಾಡುತ್ತಾಳೆ ನೋಡು.

ಪಬ್ಬಿಗೆ ಹೋಗಲು ಅವಳು ಹಿಂಜರಿಯುತ್ತಾಳೆ. ಕರೆದುಕೊಂಡೇ ಹೋಗು. ಕುಡಿಯಲೇಬೇಕು ಅಂತಿಲ್ಲ, ಜ್ಯೂಸ್ ಹಿಡಿದು ಕೂರಬಹುದು. 2004ರಿಂದ ಒಳಗೆ ಸಿಗರೇಟಿನ ಹೊಗೆಯೂ ಇಲ್ಲ. ರಾತ್ರಿ ಒಂಬತ್ತು, ಒಂಬತ್ತೂವರೆಗೆ ಮೂಲೆಯ ಮೇಜಿನ ಸುತ್ತ ಊರಿನವರೇ ಕೂತು ಪಿಟೀಲು, ಕೊಳಲು ನುಡಿಸುತ್ತಾರೆ. ಅದು ಕಛೇರಿ ಅಲ್ಲ, ಅವರ ಪಾಡಿಗೆ ಅವರು. ಆ ಮೇಜಿನ ಕುರ್ಚಿಯಲ್ಲಿ ಕೂರಬೇಡಿ, ಒಬ್ಬರೇ ಹಾಡುವಾಗ ಮಾತಾಡಬೇಡಿ.

ಬಟ್ಟೆಬರೆ ಬೇಗ ಹೇಳಿಬಿಡುತ್ತೇನೆ. ಛತ್ರಿ ದಂಡ, ಗಾಳಿಗೆ ಮಗುಚಿಕೊಳ್ಳುತ್ತದೆ. ಟೋಪಿ ಇರುವ ಮಳೆಕೋಟು ತಗೊಳ್ಳಿ. ಒಬ್ಬರಿಗೆ ಒಂದೇ ಮಧ್ಯಮ ಪೆಟ್ಟಿಗೆ, ಹಿಂದೆ ಜಾಗ ಇರುವುದಿಲ್ಲ. ಉಳಿಯುವ ಮನೆಗಳಲ್ಲಿ ಲಿಫ್ಟ್ ಇರುವುದು ಕಡಿಮೆ, ಕೆಳಗಿನ ಕೋಣೆ ಬೇಕು ಅಂತ ಬುಕ್ ಮಾಡುವಾಗಲೇ ಬರೆಸು. ಸ್ನಾನದ ಬಿಸಿನೀರಿಗೆ ಮೇಲಿಂದ ಜೋತಾಡುವ ದಾರ ಎಳೆಯಬೇಕಾಗಬಹುದು, ನೀರೇ ಬರಲಿಲ್ಲ ಅಂತ ಗಾಬರಿಯಾಗಬೇಡಿ. ನಮ್ಮ ಪ್ಲಗ್ಗು ಅಲ್ಲಿ ಕೂರದು, ಅಡಾಪ್ಟರ್ ಬೇಕು. ತುಪ್ಪ, ಪೇಡ ಕಟ್ಟಿಕೊಂಡು ಹೋಗಬೇಡಿ, ಹಾಲಿನ ಪದಾರ್ಥ ಒಳಗೆ ಬಿಡುವುದಿಲ್ಲ.

ವೀಸಾ ಮಾತ್ರ ಹಗುರವಾಗಿ ತಗೋಬೇಡ. ಯುರೋಪಿನ ಹಲವು ದೇಶಗಳಿಗೆ ಆಗುವ ನಿನ್ನ ಶೆಂಗೆನ್ ವೀಸಾ ಅಲ್ಲಿ ನಡೆಯುವುದಿಲ್ಲ, ಐರ್ಲೆಂಡ್ ಅದರಲ್ಲಿ ಸೇರಿಲ್ಲ. ಆ ಮೊದಲನೇ ಟೂರು ಉತ್ತರ ಐರ್ಲೆಂಡಿನ ಬೆಲ್‌ಫಾಸ್ಟ್‌ಗೂ ಹೋಗುತ್ತದೆ, ದ್ವೀಪದ ಆ ಭಾಗ ಬ್ರಿಟನ್‌ಗೆ ಸೇರಿದ್ದು. ಗಡಿಯಲ್ಲಿ ಗೇಟು ಇಲ್ಲ ಅಂದ ಮಾತ್ರಕ್ಕೆ ವೀಸಾ ಬೇಡ ಅಂತಲ್ಲ. ಅದನ್ನು ಬಿಡು ಅನ್ನಲು ಇದೂ ಒಂದು ಕಾರಣ.

ಇನ್ನೊಂದು. ಸಣ್ಣ ಟೂರುಗಳಲ್ಲಿ ಜನ ಸೇರದಿದ್ದರೆ ರದ್ದು ಮಾಡುವುದುಂಟು. ಹೊರಡುವುದು ಖಚಿತ ಅಂತ ಬರೆದು ಕೊಟ್ಟ ಮೇಲೆಯೇ ವಿಮಾನದ ಟಿಕೆಟ್ ತೆಗೆದುಕೋ. ಮೇ ಇಲ್ಲವೇ ಸೆಪ್ಟೆಂಬರ್ ಆಗಲಿ. ಎರಡು ದಿನ ಮೊದಲೇ ಹೋಗಿ ಡಬ್ಲಿನ್‌ನಲ್ಲಿ ಹರ್ಷಣ್ಣನ ಮನೆಯಲ್ಲಿ ಇಳಿಯಿರಿ, ಅವನಿಗೆ ಹೇಳಿದ್ದೇನೆ.

ಇಂತಿ ನಿನ್ನ
ದೊಡ್ಡಮ್ಮ

ಮರೆತಿದ್ದೆ: ಬೆಳಗಿನ ತಿಂಡಿಯ ತಟ್ಟೆಯಲ್ಲಿ ಕಪ್ಪಗೆ, ದುಂಡಗೆ ಹೋಳು ಮಾಡಿದ ಪುಡ್ಡಿಂಗ್ ಅಂತ ಒಂದು ಇಡುತ್ತಾರೆ. ಹೆಸರು ಕೇಳಿ ಸಿಹಿ ಅಂದುಕೊಂಡು ನಿನ್ನ ಅಮ್ಮ ಬಾಯಿಗೆ ಹಾಕಿಕೊಂಡಾಳು. ಅದು ಹಂದಿಯ ರಕ್ತದ್ದು. ಬಿಳಿಯದೂ ಹಂದಿಮಾಂಸವೇ. ಸಸ್ಯಾಹಾರ ಅಂತ ಮೊದಲೇ ಹೇಳಿಟ್ಟರೆ ಅಣಬೆ, ಟೊಮೆಟೊ, ಸೋಡಾ ಬ್ರೆಡ್ಡು ಕೊಡುತ್ತಾರೆ. ತರಕಾರಿ ಸೂಪನ್ನೂ ಕೋಳಿ ನೀರಿನಲ್ಲಿ ಮಾಡಿದ್ದೇ ಅಂತ ಕೇಳಿಯೇ ತಗೊಳ್ಳಿ.